ಯುದ್ಧ ಮುಗಿದ ಬಡ ದೇಶದಲ್ಲಿ ಆರೋಗ್ಯ ಸೇವೆಯನ್ನು ಮತ್ತೆ ಕಟ್ಟುವುದು: ಕೊಡಗಿನ ಓದುಗರು ಪದೇ ಪದೇ ಕೇಳುವ ಪ್ರಶ್ನೆಗಳು

ಕೊಡಗಿನವರಿಗೆ ಶಾಂತಿಪಾಲನಾ ಪಡೆ ಎಂಬುದು ಬರೀ ಪತ್ರಿಕೆಯಲ್ಲಿ ಓದಿ ತಿಳಿದ ಸಂಗತಿಯಲ್ಲ. ಜನರಲ್ ಕೆ.ಎಸ್. ತಿಮ್ಮಯ್ಯನವರು ಕೊರಿಯಾ ಯುದ್ಧದ ಕೈದಿಗಳ ಮರಳಿಕೆಯನ್ನು ನೋಡಿಕೊಂಡ ತಟಸ್ಥ ರಾಷ್ಟ್ರಗಳ ಆಯೋಗಕ್ಕೆ 1953ರಲ್ಲಿ ಅಧ್ಯಕ್ಷರಾಗಿದ್ದರು. 1965ರಲ್ಲಿ ಅವರು ತೀರಿಕೊಂಡದ್ದು ಸೈಪ್ರಸ್‌ನಲ್ಲಿ, ವಿಶ್ವಸಂಸ್ಥೆಯ ಪಡೆಯ ದಂಡನಾಯಕರಾಗಿದ್ದಾಗಲೇ. ಆದರೆ ಬಂದೂಕು ಸುಮ್ಮನಾದ ಮೇಲೆ ಅಂಥ ದೇಶಗಳಲ್ಲಿ ಹೆರಿಗೆ ಎಲ್ಲಿ ಆಗುತ್ತದೆ, ಜ್ವರ ಬಂದ ಮಗುವನ್ನು ಯಾರು ನೋಡುತ್ತಾರೆ ಎಂಬ ವಿಷಯಕ್ಕೆ ಸುದ್ದಿಯಲ್ಲಿ ಜಾಗ ಸಿಗುವುದು ಕಡಿಮೆ. ನಿವೃತ್ತ ಯೋಧರು, ನರ್ಸಿಂಗ್ ಓದುತ್ತಿರುವವರು, ಕೈಲಾದಷ್ಟು ನೆರವಾಗಬೇಕೆನ್ನುವ ತೋಟದ ಮಾಲೀಕರು ಕೇಳುತ್ತಲೇ ಬಂದಿರುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಿಸಲಾಗಿದೆ.

ಲೈಬೀರಿಯಾದ ಉದಾಹರಣೆಯೇ ಇಲ್ಲಿ ಮತ್ತೆ ಮತ್ತೆ ಬರುವುದೇಕೆ?

ಕಟ್ಟಿದ್ದು, ಕುಸಿದದ್ದು, ಮತ್ತೆ ಕಟ್ಟಿದ್ದು ಮೂರೂ ಒಂದೇ ತಲೆಮಾರಿನ ಕಣ್ಣೆದುರು ನಡೆದ ಪಶ್ಚಿಮ ಆಫ್ರಿಕಾದ ದೇಶವದು. 1989ರಲ್ಲಿ ಆರಂಭವಾದ ಅಂತರ್ಯುದ್ಧ ನಡುವೆ ಎರಡು ವರ್ಷ ತಣ್ಣಗಾಗಿ, ಮತ್ತೆ ಹೊತ್ತಿಕೊಂಡು, 2003ರ ಆಗಸ್ಟ್‌ನಲ್ಲಿ ಘಾನಾದ ರಾಜಧಾನಿ ಅಕ್ರಾದಲ್ಲಿ ಆದ ಶಾಂತಿ ಒಪ್ಪಂದದೊಂದಿಗೆ ನಿಂತಿತು. ಆಗ ಸುಮಾರು 30 ಲಕ್ಷ ಜನರಿಗೆ ದೇಶದಲ್ಲಿ ಉಳಿದಿದ್ದ ಲೈಬೀರಿಯಾದ ವೈದ್ಯರು ಹೆಚ್ಚುಕಡಿಮೆ 50 ಮಂದಿ. ನಮ್ಮ ಜಿಲ್ಲೆಯ ಜನಸಂಖ್ಯೆ 2011ರ ಜನಗಣತಿಯಂತೆ ಐದೂವರೆ ಲಕ್ಷ. ಆ ಲೆಕ್ಕದಲ್ಲಿ ಇಡೀ ಕೊಡಗಿಗೆ ಒಂಬತ್ತೋ ಹತ್ತೋ ವೈದ್ಯರು, ಅವರಲ್ಲೂ ಹೆಚ್ಚಿನವರು ಮಡಿಕೇರಿಯಲ್ಲೇ.

ಕೊಡಗಿನವರಿಗೆ ಆ ನಾಡನ್ನು ಊಹಿಸಿಕೊಳ್ಳುವುದೂ ಕಷ್ಟವಲ್ಲ. ಮನ್ರೋವಿಯಾ ಜಗತ್ತಿನಲ್ಲೇ ಅತಿ ಹೆಚ್ಚು ಮಳೆ ಬೀಳುವ ರಾಜಧಾನಿಗಳಲ್ಲಿ ಒಂದು. ಒಳನಾಡಿನ ಮಣ್ಣಿನ ರಸ್ತೆಗಳು ಮಳೆಗಾಲದಲ್ಲಿ ತಿಂಗಳುಗಟ್ಟಲೆ ಕೆಸರು. ಹಾರ್ಬೆಲ್ ಎಂಬಲ್ಲಿ 1926ರಿಂದ ಇರುವ ಫೈರ್‌ಸ್ಟೋನ್ ಕಂಪನಿಯ ರಬ್ಬರ್ ತೋಟವೂ, ಅದರ ಕಾರ್ಮಿಕರ ವಸತಿಯೂ, ಕಂಪನಿಯದೇ ಆಸ್ಪತ್ರೆಯೂ ಲೈನ್ ಮನೆಗಳನ್ನು ಬಲ್ಲವರಿಗೆ ಅಪರಿಚಿತವೆನಿಸುವುದಿಲ್ಲ. ಅಲ್ಲದೆ 2007ರಿಂದ 2016ರವರೆಗೆ ಭಾರತದ ಕೇಂದ್ರೀಯ ಮೀಸಲು ಪೊಲೀಸ್ ಪಡೆಯ ಮಹಿಳಾ ತುಕಡಿಗಳು ಮನ್ರೋವಿಯಾದಲ್ಲಿ ಕಾವಲಿದ್ದವು.

ಯುದ್ಧದಲ್ಲಿ ಜನ ಸಾಯುವುದು ಗುಂಡಿನಿಂದ ತಾನೇ? ಯುದ್ಧ ನಿಂತರೆ ಸಾವೂ ನಿಲ್ಲಬೇಕಲ್ಲವೇ?

ನಿಲ್ಲುವುದಿಲ್ಲ. ಬಡ ದೇಶಗಳ ದೀರ್ಘ ಯುದ್ಧಗಳಲ್ಲಿ ಬಹುಪಾಲು ಜೀವ ತೆಗೆಯುವುದು ಮಲೇರಿಯಾ, ಭೇದಿ, ನ್ಯುಮೋನಿಯಾ, ದಡಾರ, ಅಪೌಷ್ಟಿಕತೆ ಮತ್ತು ಹೆರಿಗೆಯ ತೊಡಕುಗಳು. ಕಾಂಗೋ ಯುದ್ಧದಲ್ಲಿ ಒಟ್ಟು ಎಷ್ಟು ಜನ ಸತ್ತರು ಎಂಬ ಬಗ್ಗೆ ತಜ್ಞರ ನಡುವೆ ಇಂದಿಗೂ ವಾದವಿದೆ. ಗುಂಡಿಗಿಂತ ರೋಗಕ್ಕೆ ಬಲಿಯಾದವರೇ ಹೆಚ್ಚು ಎಂಬುದರಲ್ಲಿ ಅಷ್ಟು ವಾದವಿಲ್ಲ. ಒಪ್ಪಂದಕ್ಕೆ ಸಹಿ ಬಿದ್ದ ದಿನ ಈ ರೋಗಗಳು ಊರು ಬಿಟ್ಟು ಹೋಗುವುದಿಲ್ಲ. ಹತ್ತು ವರ್ಷಗಳ ಕಾಲ ಲಸಿಕೆ ತಪ್ಪಿದ ಮಕ್ಕಳು, ಓಡಿಹೋದ ದಾದಿಯರು, ಲೂಟಿಯಾದ ಔಷಧಿ ಉಗ್ರಾಣ ಎಲ್ಲವೂ ಹಾಗೆಯೇ ಉಳಿದಿರುತ್ತವೆ.

ಹಾಗಾದರೆ ಮೊದಲು ಮಾಡುವುದೇನು?

ನಿರಾಶ್ರಿತರ ಶಿಬಿರಗಳಲ್ಲಿ ದಡಾರ ಲಸಿಕೆ ಮತ್ತು ಕುಡಿಯುವ ನೀರು. ನೆರವಿನ ಕೆಲಸದಲ್ಲಿ ಒಪ್ಪಿತವಾದ ಕನಿಷ್ಠ ಪ್ರಮಾಣ ಒಬ್ಬರಿಗೆ ದಿನಕ್ಕೆ 15 ಲೀಟರ್ ನೀರು. ಆಮೇಲೆ ಎಲ್ಲರಿಗೂ ಎಲ್ಲವನ್ನೂ ಕೊಡಲು ಹೊರಡದೆ, ಪ್ರತಿ ಆರೋಗ್ಯ ಕೇಂದ್ರದಲ್ಲಿ ತಪ್ಪದೆ ಸಿಗಬೇಕಾದ ಸೇವೆಗಳ ಒಂದು ಚಿಕ್ಕ ಪಟ್ಟಿಯನ್ನು ಸರ್ಕಾರ ಹೊರಡಿಸುತ್ತದೆ. ಅಫ್ಘಾನಿಸ್ತಾನ 2003ರಲ್ಲಿ, ಲೈಬೀರಿಯಾ 2007ರಲ್ಲಿ ಹೀಗೆ ಮೂಲ ಆರೋಗ್ಯ ಸೇವೆಗಳ ಪಟ್ಟಿ ಮಾಡಿದವು. ಇದು ಕಾಗದದ ಕೆಲಸದಂತೆ ಕಾಣುತ್ತದೆ, ಆದರೆ ಅಲ್ಲ. ಪಟ್ಟಿ ಇಲ್ಲದಿದ್ದರೆ ಒಂದು ಸಂಸ್ಥೆ ಕಣ್ಣಿನ ಶಸ್ತ್ರಚಿಕಿತ್ಸೆಗೆಂದು, ಇನ್ನೊಂದು ಏಡ್ಸ್‌ಗೆಂದು ಹಣ ತರುತ್ತದೆ, ಬಾಣಂತಿಯರ ರಕ್ತಸ್ರಾವಕ್ಕೆ ಯಾರೂ ತರುವುದಿಲ್ಲ.

ನಮ್ಮ ಹಿರಿಯರ ಹೆಸರಿನಲ್ಲಿ ಒಂದು ಆಸ್ಪತ್ರೆ ಕಟ್ಟಡ ಕಟ್ಟಿಸಿಕೊಟ್ಟರೆ ಆಗದೇ?

ಕಟ್ಟಡ ಬೇಕು, ಅದರಲ್ಲಿ ಸಂಶಯವಿಲ್ಲ. ಮೊಜಾಂಬಿಕ್‌ನಲ್ಲಿ 1977ರಿಂದ 1992ರವರೆಗಿನ ಯುದ್ಧದಲ್ಲಿ ಬಂಡುಕೋರರು ಗ್ರಾಮೀಣ ಆರೋಗ್ಯ ಕೇಂದ್ರಗಳನ್ನೇ ಗುರಿಮಾಡಿ ಸುಟ್ಟರು; ಇಂಡೋನೇಷ್ಯಾದಿಂದ ಬೇರ್ಪಟ್ಟ ಪೂರ್ವ ತಿಮೋರ್‌ನಲ್ಲಿ 1999ರ ಹಿಂಸಾಚಾರದ ಬಳಿಕ ಮೂರನೆ ಎರಡು ಪಾಲಿಗಿಂತ ಹೆಚ್ಚು ಕೇಂದ್ರಗಳು ಹಾಳಾಗಿದ್ದವು. ಆದರೆ ಕಟ್ಟಡವೆಂಬುದು ಒಮ್ಮೆ ಕೊಟ್ಟು ಮುಗಿಯುವ ಖರ್ಚು, ಅದರೊಳಗಿನ ಸೇವೆ ಪ್ರತಿ ತಿಂಗಳ ಖರ್ಚು. ಜನರೇಟರಿನ ಡೀಸೆಲ್, ಶಸ್ತ್ರಚಿಕಿತ್ಸಾ ಕೊಠಡಿಯ ನೀರು, ಆಮ್ಲಜನಕ, ಕೈಗವಸು, ರಾತ್ರಿ ಪಾಳಿಯ ದಾದಿ, ಕೆಟ್ಟ ಯಂತ್ರವನ್ನು ರಿಪೇರಿ ಮಾಡುವ ತಂತ್ರಜ್ಞ, ಇವಿಷ್ಟರ ವರ್ಷದ ಮೊತ್ತ ಸೇರಿಸುತ್ತ ಹೋದರೆ ಕೆಲವೇ ವರ್ಷಗಳಲ್ಲಿ ಕಟ್ಟಡದ ಬೆಲೆಯನ್ನು ದಾಟುತ್ತದೆ. ದಾನಿಗಳಿಗೆ ಇಷ್ಟವಾಗುವುದು ಫೋಟೋದಲ್ಲಿ ಕಾಣುವ ವಸ್ತು. ಡೀಸೆಲ್ ಬಿಲ್ಲಿನ ಮೇಲೆ ಯಾರ ಹೆಸರನ್ನೂ ಕೆತ್ತಿಸಲಾಗುವುದಿಲ್ಲ.

ಇನ್ನೊಂದು ವಿಷಯ ಜಾಗದ್ದು. ಹೊರಗಿನ ಹಣದಿಂದ ಕಟ್ಟುವ ಆಸ್ಪತ್ರೆ ಸಾಮಾನ್ಯವಾಗಿ ರಾಜಧಾನಿಯಲ್ಲೋ ವಿಮಾನ ನಿಲ್ದಾಣದ ಹತ್ತಿರವೋ ಏಳುತ್ತದೆ. ಕರಿಕೆಯ ಗರ್ಭಿಣಿಗೆ ಮಡಿಕೇರಿ ಎಷ್ಟು ದೂರ ಎಂಬುದನ್ನು ಬಲ್ಲವರಿಗೆ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ.

ವೈದ್ಯರೇ ಇಲ್ಲದಿರುವಾಗ ಶಸ್ತ್ರಚಿಕಿತ್ಸೆ ಮಾಡುವವರು ಯಾರು?

ಮಡಿಕೇರಿಯಲ್ಲಿ ವೈದ್ಯಕೀಯ ಕಾಲೇಜು ಶುರುವಾದದ್ದು 2016ರಲ್ಲಿ. ಶಾಂತ ದೇಶದಲ್ಲಿ, ಸರ್ಕಾರದ ಬೆಂಬಲದೊಂದಿಗೆ ಆರಂಭವಾದ ಕಾಲೇಜಿಗೂ ಮೊದಲ ತಂಡದ ಎಂಬಿಬಿಎಸ್ ಪದವೀಧರರನ್ನು ಹೊರಗೆ ಕಳುಹಿಸಲು ಐದೂವರೆ ವರ್ಷ ಬೇಕು, ಶಸ್ತ್ರತಜ್ಞರನ್ನು ತಯಾರಿಸಲು ಇನ್ನೂ ಮೂರು ವರ್ಷ. ಯುದ್ಧದಿಂದ ಎದ್ದ ದೇಶ ಅಷ್ಟು ಕಾಯುವಂತಿಲ್ಲ. ಆದ್ದರಿಂದ ವೈದ್ಯರ ಕೆಲಸದ ಒಂದೊಂದು ಭಾಗವನ್ನು ಬಿಡಿಸಿ, ಅದಷ್ಟನ್ನೇ ಚೆನ್ನಾಗಿ ಮಾಡಬಲ್ಲ ಬೇರೆಯವರಿಗೆ ಕಲಿಸುವ ದಾರಿಯನ್ನು ಹಲವು ದೇಶಗಳು ಹಿಡಿದವು.

ಇದರಲ್ಲಿ ಮೊಜಾಂಬಿಕ್ ತೋರಿದ ಧೈರ್ಯ ದೊಡ್ಡದು. ಯುದ್ಧ ನಡೆಯುತ್ತಿರುವಾಗಲೇ, 1984ರಲ್ಲಿ, ಅನುಭವಿ ದಾದಿಯರನ್ನೂ ಆರೋಗ್ಯ ಸಹಾಯಕರನ್ನೂ ಆರಿಸಿ ಮೂರು ವರ್ಷ ತರಬೇತಿ ಕೊಟ್ಟು ಶಸ್ತ್ರಚಿಕಿತ್ಸಾ ತಂತ್ರಜ್ಞರನ್ನಾಗಿ ಮಾಡಲಾಯಿತು. ಸಿಸೇರಿಯನ್, ಹರ್ನಿಯಾ, ಗಾಯಗಳ ಶಸ್ತ್ರಚಿಕಿತ್ಸೆ ಅವರ ಕೈಗೆ ಬಂತು. 2000ರ ದಶಕದ ಹೊತ್ತಿಗೆ ಗ್ರಾಮೀಣ ಆಸ್ಪತ್ರೆಗಳ ದೊಡ್ಡ ಪ್ರಸೂತಿ ಶಸ್ತ್ರಚಿಕಿತ್ಸೆಗಳಲ್ಲಿ ನೂರಕ್ಕೆ ತೊಂಬತ್ತರಷ್ಟು ಅವರೇ ಮಾಡುತ್ತಿದ್ದರು. ಏಳು ವರ್ಷ ಕಳೆದ ಮೇಲೆ ನೋಡಿದಾಗ ಆ ತಂತ್ರಜ್ಞರಲ್ಲಿ ಹೆಚ್ಚಿನವರು ಜಿಲ್ಲಾ ಆಸ್ಪತ್ರೆಗಳಲ್ಲೇ ಇದ್ದರು. ಅದೇ ಕಾಲದಲ್ಲಿ ಅಲ್ಲಿಗೆ ನೇಮಕವಾಗಿದ್ದ ವೈದ್ಯರೆಲ್ಲ ಊರು ಬಿಟ್ಟಿದ್ದರು. ನಮ್ಮ ವೈದ್ಯ ಸಂಘಟನೆಗಳು ಇಂಥ ಮಾತಿಗೆ ಹುಬ್ಬೇರಿಸುತ್ತವೆ ಎಂಬುದು ಗೊತ್ತಿರುವುದೇ. ಆದರೆ ಅಲ್ಲಿ ತಂತ್ರಜ್ಞನ ಬದಲು ಸಿಗುತ್ತಿದ್ದದ್ದು ತಜ್ಞ ವೈದ್ಯನಲ್ಲ, ಯಾರೂ ಅಲ್ಲ.

ಅಫ್ಘಾನಿಸ್ತಾನದಲ್ಲಿ 2002ರ ಸಮೀಕ್ಷೆ ಒಂದು ಲಕ್ಷ ಜೀವಂತ ಜನನಗಳಿಗೆ ಸುಮಾರು 1,600 ತಾಯಂದಿರ ಸಾವನ್ನು ಲೆಕ್ಕಹಾಕಿತು. ಪುರುಷ ವೈದ್ಯರು ಹೆರಿಗೆ ಮಾಡಿಸುವುದನ್ನು ಒಪ್ಪದ ಸಮಾಜದಲ್ಲಿ ಹೆಣ್ಣುಮಕ್ಕಳನ್ನು ಅವರವರ ಊರಿನಿಂದಲೇ ಆರಿಸಿ, ಸೂಲಗಿತ್ತಿಯರ ತರಬೇತಿ ಕೊಟ್ಟು, ಅದೇ ಊರಿಗೆ ಮರಳಿಸುವ ಕರಾರಿನ ಮೇಲೆ ಓದಿಸಲಾಯಿತು. ಪೂರ್ವ ತಿಮೋರ್ ಬೇರೊಂದು ದಾರಿ ಹಿಡಿದು ನೂರಾರು ಯುವಕ ಯುವತಿಯರನ್ನು ವೈದ್ಯಶಿಕ್ಷಣಕ್ಕೆ ಕ್ಯೂಬಾಕ್ಕೆ ಕಳುಹಿಸಿತು; ಅವರು ಓದಿ ಬರುವವರೆಗೆ ಹಳ್ಳಿಗಳಲ್ಲಿ ಕ್ಯೂಬಾದ ವೈದ್ಯರೇ ಕೆಲಸ ಮಾಡಿದರು.

ಅಷ್ಟೊಂದು ವಿದೇಶಿ ನೆರವು ಬರುತ್ತದೆ. ಆದರೂ ದಾದಿಯರಿಗೆ ಸಂಬಳ ಬಾಕಿ ಎಂಬ ದೂರು ಏಕೆ?

ಈ ಪುಟದಲ್ಲಿ ಒಂದೇ ಉತ್ತರವನ್ನು ಓದಲು ಸಮಯವಿದ್ದರೆ ಇದನ್ನು ಓದಿ. ಯುದ್ಧೋತ್ತರ ಆರೋಗ್ಯ ವ್ಯವಸ್ಥೆ ನಿಲ್ಲುವುದೂ ಬೀಳುವುದೂ ಸಂಬಳದ ಪಟ್ಟಿಯ ಮೇಲೆ ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಯುದ್ಧ ಮುಗಿದ ಮೊದಲ ವರ್ಷಗಳಲ್ಲಿ ಆಸ್ಪತ್ರೆಗಳನ್ನು ನಡೆಸುವುದು ಹೆಚ್ಚಾಗಿ ಹೊರಗಿನ ನೆರವಿನ ಸಂಸ್ಥೆಗಳು ಮತ್ತು ಚರ್ಚುಗಳು. ಲೈಬೀರಿಯಾದಲ್ಲೂ ಹಾಗೆಯೇ ಆಯಿತು. ಆ ಸಂಸ್ಥೆಗಳು ಒಳ್ಳೆಯ ಸಂಬಳ ಕೊಡುವುದರಿಂದ ಸರ್ಕಾರಿ ಹುದ್ದೆಯಲ್ಲಿದ್ದ ದಾದಿ ಅಲ್ಲಿಗೆ ಹೋಗುತ್ತಾಳೆ, ವೈದ್ಯ ರೋಗಿಯನ್ನು ನೋಡುವುದನ್ನು ಬಿಟ್ಟು ಯೋಜನೆಯ ವರದಿ ಬರೆಯುವ ಅಧಿಕಾರಿಯಾಗುತ್ತಾನೆ. ಎರಡು ಮೂರು ವರ್ಷ ಕಳೆಯುತ್ತಿದ್ದಂತೆ ತುರ್ತು ಪರಿಸ್ಥಿತಿ ಮುಗಿಯಿತೆಂದು ತುರ್ತು ನೆರವಿನ ಹಣ ಬೇರೆ ಯುದ್ಧದತ್ತ ಹೊರಡುತ್ತದೆ. ಅಭಿವೃದ್ಧಿಯ ಹಣವಾದರೋ ಒಪ್ಪಂದ, ಟೆಂಡರು, ಪರಿಶೀಲನೆ ಎಂದು ನಿಧಾನವಾಗಿ ಬರುತ್ತದೆ. ಈ ನಡುವಿನ ಬಿರುಕಿನಲ್ಲಿ ಕೇಂದ್ರಗಳು ಮುಚ್ಚುತ್ತವೆ. ಲೈಬೀರಿಯಾ 2008ರಲ್ಲಿ ದಾನಿ ದೇಶಗಳ ಹಣವನ್ನು ಒಂದೇ ನಿಧಿಗೆ ಹಾಕಿಸಿ ಆರೋಗ್ಯ ಸಚಿವಾಲಯದ ಯೋಜನೆಯಂತೆ ಖರ್ಚುಮಾಡುವ ಏರ್ಪಾಟು ಮಾಡಿಕೊಂಡದ್ದು ಈ ಬಿರುಕನ್ನು ಮುಚ್ಚುವುದಕ್ಕಾಗಿಯೇ.

ಸರ್ಕಾರವೇ ಏಕೆ ಹೆಚ್ಚು ಜನರನ್ನು ನೇಮಿಸಿಕೊಳ್ಳಬಾರದು ಎಂದು ಕೇಳಬಹುದು. ದಾನಿಗಳು ಔಷಧಿಗೂ ವಾಹನಕ್ಕೂ ತರಬೇತಿ ಶಿಬಿರಕ್ಕೂ ಹಣ ಕೊಡುತ್ತಾರೆ, ಕಾಯಂ ನೌಕರರ ಸಂಬಳಕ್ಕೆ ಮಾತ್ರ ಹಿಂದೆಗೆಯುತ್ತಾರೆ. ಸಾಲದ ಷರತ್ತುಗಳ ಮೂಲಕ ಸರ್ಕಾರಿ ಸಂಬಳದ ಒಟ್ಟು ಮೊತ್ತಕ್ಕೆ ಮಿತಿ ಹಾಕಿದ ಕಾಲವೂ ಇತ್ತು. ಆಫ್ರಿಕಾದ ದೇಶಗಳು 2001ರಲ್ಲಿ ಅಬುಜಾದಲ್ಲಿ ಸೇರಿ ಆಯವ್ಯಯದ ನೂರಕ್ಕೆ 15ನ್ನು ಆರೋಗ್ಯಕ್ಕೆ ಮೀಸಲಿಡುತ್ತೇವೆಂದು ಮಾತು ಕೊಟ್ಟವು, ಉಳಿಸಿಕೊಂಡವರು ಕೆಲವರೇ. ಇದರ ಜೊತೆಗೆ ಸತ್ತವರ, ಓಡಿಹೋದವರ, ಹುಟ್ಟದೇ ಇದ್ದವರ ಹೆಸರಿನಲ್ಲೂ ಸಂಬಳ ಎತ್ತುವ ಪಿಡುಗು. ಲೈಬೀರಿಯಾದಂತೆಯೇ ಯುದ್ಧದಿಂದ ಎದ್ದ ನೆರೆಯ ಸಿಯೆರಾ ಲಿಯೋನ್ 2010ರಲ್ಲಿ ಪಟ್ಟಿಯನ್ನು ಸೋಸಿ ಇಂಥ ನೂರಾರು ಹೆಸರು ತೆಗೆದುಹಾಕಿತು, ಉಳಿದವರ ಸಂಬಳವನ್ನು ಏರಿಸಿತು.

ಚಿಕಿತ್ಸೆ ಉಚಿತವಾಗಿರಬೇಕೇ?

ಬಡವರಿಗೆ ಶುಲ್ಕ ಅಡ್ಡಿಯಾಗುತ್ತದೆ, ತೆಗೆದರೆ ಜನ ಬರುತ್ತಾರೆ. ಇದು ಎಲ್ಲೆಡೆ ಕಂಡ ಮಾತು. ಆದರೆ ಸಿದ್ಧತೆಯಿಲ್ಲದೆ ತೆಗೆದರೆ ಔಷಧಿ ಮುಗಿಯುತ್ತದೆ, ಶುಲ್ಕದ ಜಾಗಕ್ಕೆ ಲಂಚ ಬರುತ್ತದೆ. ಸಿಯೆರಾ ಲಿಯೋನ್ ಗರ್ಭಿಣಿಯರಿಗೆ, ಬಾಣಂತಿಯರಿಗೆ, ಐದು ವರ್ಷದೊಳಗಿನ ಮಕ್ಕಳಿಗೆ ಉಚಿತ ಸೇವೆ ಘೋಷಿಸಿದ್ದು 2010ರ ಏಪ್ರಿಲ್ 27ರಂದು. ಸಂಬಳ ಏರಿಕೆ ಅದರ ಭಾಗವೇ ಆಗಿತ್ತು.

ನಮ್ಮಲ್ಲಿ ಉಳಿದಿರುವ ಔಷಧಿಗಳನ್ನು ಸಂಗ್ರಹಿಸಿ ಕಳುಹಿಸಬಹುದೇ?

ದಯವಿಟ್ಟು ಬೇಡ. 1992ರಿಂದ 1996ರ ನಡುವೆ ಬೋಸ್ನಿಯಾಕ್ಕೆ ಬಂದ ಔಷಧಿ ದಾನದಲ್ಲಿ ಅಂದಾಜು 17,000 ಟನ್ ಅವಧಿ ಮೀರಿದ್ದೋ ಬಳಕೆಗೆ ಬಾರದ್ದೋ ಆಗಿತ್ತು. ಅದನ್ನು ಸುರಕ್ಷಿತವಾಗಿ ನಾಶಮಾಡುವ ಖರ್ಚು ಯುದ್ಧದಲ್ಲಿ ಬೆಂದ ಆ ದೇಶದ ತಲೆಗೇ ಬಂತು. ಕೇಳದೆ ಏನನ್ನೂ ಕಳುಹಿಸಬಾರದು, ತಲುಪುವ ಹೊತ್ತಿಗೆ ಕನಿಷ್ಠ ಒಂದು ವರ್ಷದ ಅವಧಿ ಉಳಿದಿರಬೇಕು, ರೋಗಿಗಳು ಹಿಂದಿರುಗಿಸಿದ ಮಾತ್ರೆಗಳನ್ನು ಸೇರಿಸಲೇಬಾರದು ಎಂಬುದು ವಿಶ್ವ ಆರೋಗ್ಯ ಸಂಸ್ಥೆಯ ಮಾರ್ಗಸೂಚಿ.

ಕರೆಂಟ್ ಇಲ್ಲದ ಊರಿಗೆ ಲಸಿಕೆ ತಲುಪುವುದು ಹೇಗೆ?

ಹೆಚ್ಚಿನ ಲಸಿಕೆಗಳು 2ರಿಂದ 8 ಡಿಗ್ರಿ ಸೆಲ್ಸಿಯಸ್ ನಡುವೆ ಇರಬೇಕು. ಈಗ ಬ್ಯಾಟರಿಯ ಹಂಗಿಲ್ಲದೆ ನೇರ ಬಿಸಿಲಿನಿಂದ ನಡೆಯುವ ಸೌರ ಫ್ರಿಜ್‌ಗಳಿವೆ; ಕೊನೆಯ ಹಾದಿ ಮಾತ್ರ ಮಂಜುಗಡ್ಡೆಯ ಡಬ್ಬಿ ಹೆಗಲಿಗೇರಿಸಿ ನಡೆದೇ ಆಗಬೇಕು. ಸೀಸೆಯ ಮೇಲೆ ಒಂದು ಸಣ್ಣ ಗುರುತಿರುತ್ತದೆ: ನೇರಳೆ ಬಣ್ಣದ ವೃತ್ತ, ಅದರ ನಡುವೆ ತಿಳಿಬಣ್ಣದ ಚೌಕ. ಸೀಸೆ ಕಂಡ ಶಾಖವೆಲ್ಲ ಆ ಚೌಕದಲ್ಲಿ ಸೇರುತ್ತ ಹೋಗಿ ಅದು ಮೆಲ್ಲಗೆ ಕಪ್ಪಾಗುತ್ತದೆ. ಚೌಕ ವೃತ್ತಕ್ಕಿಂತ ತಿಳಿಯಾಗಿರುವವರೆಗೆ ಹಾಕಬಹುದು. ಎರಡೂ ಒಂದೇ ಬಣ್ಣವಾದರೆ ಎಸೆಯಬೇಕು. ಓದುಬರಹ ಬಾರದವರಿಗೂ ಅರ್ಥವಾಗುವ ಈ ಗುರುತು ನಮ್ಮ ಪ್ರಾಥಮಿಕ ಆರೋಗ್ಯ ಕೇಂದ್ರದ ಸೀಸೆಗಳ ಮೇಲೂ ಇದೆ. ಮುಂದಿನ ಬಾರಿ ಮಗುವನ್ನು ಕರೆದೊಯ್ದಾಗ ತೋರಿಸಲು ಕೇಳಿ.

ಲೈಬೀರಿಯಾ ಹತ್ತು ವರ್ಷ ಕಟ್ಟಿದ ವ್ಯವಸ್ಥೆ ಎಬೋಲಾ ಎಂಬ ಮಾರಕ ಸಾಂಕ್ರಾಮಿಕ ರೋಗ ಬಂದಾಗ ಕುಸಿದದ್ದೇಕೆ?

2013ರ ಹೊತ್ತಿಗೆ ಲೈಬೀರಿಯಾ ತನ್ನ ಮಕ್ಕಳ ಮರಣವನ್ನು 1990ರ ಮಟ್ಟದಿಂದ ಮೂರನೆ ಎರಡು ಪಾಲಿನಷ್ಟು ಇಳಿಸಿದ ದೇಶವೆಂದು ಹೊಗಳಿಸಿಕೊಂಡಿತ್ತು. ಆದರೆ ತಾಯಂದಿರ ಮರಣದ ಅಂಕಿ ಬೇರೆಯೇ ಕಥೆ ಹೇಳುತ್ತಿತ್ತು: ಒಂದು ಲಕ್ಷ ಜನನಕ್ಕೆ 2007ರ ಸಮೀಕ್ಷೆಯಲ್ಲಿ 994, 2013ರಲ್ಲಿ 1,072. ಲಸಿಕೆ, ಸೊಳ್ಳೆಪರದೆ, ಮಲೇರಿಯಾ ಮಾತ್ರೆಗಳನ್ನು ಅಭಿಯಾನದ ಮೂಲಕ ಹಂಚಬಹುದು. ನಡುರಾತ್ರಿ ರಕ್ತಸ್ರಾವವಾದ ಬಾಣಂತಿಗೆ ಅಭಿಯಾನ ಸಾಲದು. ರಸ್ತೆ, ವಾಹನ, ರಕ್ತ, ಕರೆಂಟ್, ಎಚ್ಚರವಿರುವ ಸಿಬ್ಬಂದಿ ಎಲ್ಲವೂ ಅದೇ ಗಳಿಗೆಯಲ್ಲಿ ಸೇರಬೇಕು. ವ್ಯವಸ್ಥೆ ಒಳಗೆ ಎಷ್ಟು ಟೊಳ್ಳು ಎಂಬುದನ್ನು ಆ ಅಂಕಿ ಮೊದಲೇ ತೋರಿಸಿತ್ತು.

2014ರ ಮಾರ್ಚ್‌ನಲ್ಲಿ ಲೋಫಾ ಪ್ರಾಂತ್ಯದ ಮೂಲಕ ರೋಗ ಬಂದಾಗ ಎಷ್ಟೋ ಕೇಂದ್ರಗಳಲ್ಲಿ ಕೈಗವಸೂ ಹರಿಯುವ ನೀರೂ ಇರಲಿಲ್ಲ. 10,600ಕ್ಕೂ ಹೆಚ್ಚು ಜನರಿಗೆ ಸೋಂಕು ತಗುಲಿ 4,800ಕ್ಕೂ ಹೆಚ್ಚು ಮಂದಿ ಸತ್ತರು; ಅವರಲ್ಲಿ 190ಕ್ಕೂ ಹೆಚ್ಚು ಮಂದಿ ಆರೋಗ್ಯ ಸಿಬ್ಬಂದಿ. ವೈದ್ಯರೇ ಬೆರಳೆಣಿಕೆಯಷ್ಟಿದ್ದ ದೇಶಕ್ಕೆ ಈ ನಷ್ಟ ಎಂಥದೆಂದು ಯೋಚಿಸಿ. ಹೆದರಿದ ಜನ ಆಸ್ಪತ್ರೆಯಿಂದ ದೂರ ಉಳಿದರು, ಹೆರಿಗೆಗಳು ಮನೆಗೆ ಮರಳಿದವು, ಲಸಿಕೆ ನಿಂತಿತು. ಹಾರ್ಬೆಲ್‌ನ ರಬ್ಬರ್ ತೋಟದಲ್ಲಿ ಮಾತ್ರ ಪ್ರತ್ಯೇಕ ವಾರ್ಡು, ಸಂಪರ್ಕಿತರ ಪತ್ತೆ, ಬದುಕಿ ಬಂದವರನ್ನು ಮತ್ತೆ ಊರಿಗೆ ಸೇರಿಸುವ ಕೆಲಸ ಬೇಗ ನಡೆದು ಸೋಂಕು ಹತೋಟಿಗೆ ಬಂತು. ಅದಕ್ಕೆ ಅಲ್ಲಿ ಪವಾಡವೇನೂ ಬೇಕಾಗಿರಲಿಲ್ಲ. ಹಣ, ಸಾಮಗ್ರಿ, ನೌಕರರ ಪಟ್ಟಿ ಇದ್ದವು.

ನಮ್ಮ ಆಶಾ ಕಾರ್ಯಕರ್ತೆಯರಂಥವರು ಅಲ್ಲಿಲ್ಲವೇ?

ಇದ್ದಾರೆ, ಮತ್ತು ಒಂದು ವಿಷಯದಲ್ಲಿ ಅವರು ನಮಗಿಂತ ಮುಂದಿದ್ದಾರೆ. ಎಬೋಲಾದ ಬಳಿಕ 2016ರಲ್ಲಿ ಲೈಬೀರಿಯಾ ಆರಂಭಿಸಿದ ರಾಷ್ಟ್ರೀಯ ಕಾರ್ಯಕ್ರಮದಲ್ಲಿ, ಆರೋಗ್ಯ ಕೇಂದ್ರದಿಂದ 5 ಕಿಲೋಮೀಟರಿಗಿಂತ ದೂರವಿರುವ ಊರುಗಳಿಗೆ ಅಲ್ಲಿಯವರನ್ನೇ ಆರಿಸಿ, ಮಕ್ಕಳ ಮಲೇರಿಯಾ, ಭೇದಿ, ನ್ಯುಮೋನಿಯಾಕ್ಕೆ ಔಷಧಿ ಕೊಡುವುದನ್ನು ಕಲಿಸಿ, ತಿಂಗಳಿಗೆ 70 ಡಾಲರ್ ನಿಗದಿ ಮಾಡಲಾಯಿತು. ಅವರ ಮೇಲ್ವಿಚಾರಣೆಗೆ ದಾದಿಯೊಬ್ಬರು ಊರಿಗೇ ಬರುತ್ತಾರೆ. ಇದನ್ನು ರೂಪಿಸುವಲ್ಲಿ ದೊಡ್ಡ ಪಾತ್ರ ವಹಿಸಿದ ಲಾಸ್ಟ್ ಮೈಲ್ ಹೆಲ್ತ್ ಸಂಸ್ಥೆಯ ಸಹಸ್ಥಾಪಕ ರಾಜ್ ಪಂಜಾಬಿ ಲೈಬೀರಿಯಾದಲ್ಲಿ ಹುಟ್ಟಿ, ಬಾಲ್ಯದಲ್ಲೇ ಯುದ್ಧದಿಂದ ಓಡಿಹೋದ ಭಾರತೀಯ ಮೂಲದ ವೈದ್ಯರು. ನಮ್ಮಲ್ಲಿ ವರ್ಷಗಳಿಂದ ಹಾಡಿಗಳಿಗೂ ಲೈನ್ ಮನೆಗಳಿಗೂ ಹೋಗಿಬರುತ್ತಿರುವ ಆಶಾ ಕಾರ್ಯಕರ್ತೆಯರು ನಿಗದಿತ ಗೌರವಧನಕ್ಕಾಗಿ ಎಷ್ಟು ಬಾರಿ ಬೀದಿಗಿಳಿದಿದ್ದಾರೆ ಎಂಬುದು ಓದುಗರಿಗೆ ಗೊತ್ತೇ ಇದೆ. ಲೈಬೀರಿಯಾದ 2019–20ರ ಸಮೀಕ್ಷೆಯಲ್ಲಿ ತಾಯಂದಿರ ಮರಣ 742ಕ್ಕೆ ಇಳಿದಿತ್ತು.

ಮನಸ್ಸಿನ ಗಾಯಗಳಿಗೆ, ಕಾಲು ಕಳೆದುಕೊಂಡವರಿಗೆ ಏನಿದೆ?

ಮನೋವೈದ್ಯರು ಇಲ್ಲವೆನ್ನುವಷ್ಟು ಕಡಿಮೆಯಿದ್ದ ಲೈಬೀರಿಯಾದಲ್ಲಿ 2010ರಿಂದ ಅಮೆರಿಕದ ಕಾರ್ಟರ್ ಸೆಂಟರ್ ಎಂಬ ಸಂಸ್ಥೆಯ ನೆರವಿನಿಂದ ದಾದಿಯರಿಗೂ ವೈದ್ಯ ಸಹಾಯಕರಿಗೂ ಮಾನಸಿಕ ಆರೋಗ್ಯದ ತರಬೇತಿ ಕೊಡಲಾಯಿತು. ಕೃತಕ ಕಾಲಿನ ವಿಷಯದಲ್ಲಿ ಭಾರತದ ಹೆಸರು ದೊಡ್ಡದು: 1968ರಲ್ಲಿ ರೂಪುಗೊಂಡ ಅಗ್ಗದ ಜೈಪುರ ಕಾಲು ಅಫ್ಘಾನಿಸ್ತಾನದ ನೆಲಬಾಂಬ್ ಸಂತ್ರಸ್ತರವರೆಗೂ ತಲುಪಿದೆ.

ರುವಾಂಡಾ ಮಾಡಿದ್ದನ್ನು ಎಲ್ಲರೂ ಮಾಡಬಹುದಲ್ಲವೇ?

ರುವಾಂಡಾದ ಸಾಧನೆ ನಿಜ. 1994ರ ನರಮೇಧದಲ್ಲಿ ಸುಮಾರು 8 ಲಕ್ಷ ಜನರನ್ನು ಕಳೆದುಕೊಂಡ ಆ ದೇಶ ಸಮುದಾಯ ಆರೋಗ್ಯ ವಿಮೆ, ಪ್ರತಿ ಹಳ್ಳಿಗೂ ಆರೋಗ್ಯ ಕಾರ್ಯಕರ್ತರು, ಕೆಲಸಕ್ಕೆ ತಕ್ಕ ಅನುದಾನ ಇವುಗಳ ಮೂಲಕ ತಾಯಂದಿರ ಮರಣವನ್ನು 2000ದ 1,071ರಿಂದ 2014–15ಕ್ಕೆ 210ಕ್ಕೆ ತಂದಿತು. ದಾನಿಗಳು ತಮ್ಮ ಇಷ್ಟದ ಯೋಜನೆ ಹಿಡಿದು ಬಂದಾಗ ಅಲ್ಲಿನ ಸರ್ಕಾರ ಬೇಡವೆನ್ನಲು ಅಂಜಲಿಲ್ಲ. ಆದರೆ ಅದು ಚಿಕ್ಕ, ಒತ್ತೊತ್ತಾಗಿ ಜನ ವಾಸಿಸುವ ದೇಶ. ಮೇಲಿನ ಆಜ್ಞೆ ಕೆಳಗಿನ ಹಳ್ಳಿಯವರೆಗೆ ಚಾಚೂ ತಪ್ಪದೆ ನಡೆಯುವ, ವಿರೋಧಕ್ಕೆ ಜಾಗವಿಲ್ಲದ ಆಡಳಿತವೂ ಅಲ್ಲಿದೆ. ಹೊಗಳುವವರು ಈ ಎರಡನೆಯದನ್ನು ಸಾಮಾನ್ಯವಾಗಿ ಬಿಟ್ಟುಬಿಡುತ್ತಾರೆ.

ಸರ್ಕಾರವನ್ನೇ ಒಪ್ಪಲಾಗದಿದ್ದರೆ ನೆರವು ನಿಲ್ಲಿಸಬೇಕೇ?

2021ರ ಆಗಸ್ಟ್‌ನಲ್ಲಿ ತಾಲಿಬಾನ್ ಕಾಬೂಲನ್ನು ಹಿಡಿದಾಗ ದಾನಿಗಳು ಹಣ ತಡೆದರು. 2,000ಕ್ಕೂ ಹೆಚ್ಚು ಆರೋಗ್ಯ ಕೇಂದ್ರಗಳಲ್ಲಿ ಸಂಬಳವೂ ಔಷಧಿಯೂ ನಿಂತು, ವಿಶ್ವಸಂಸ್ಥೆಯ ಅಂಗಸಂಸ್ಥೆಗಳೂ ರೆಡ್ ಕ್ರಾಸ್ ಸಮಿತಿಯೂ ಸಿಬ್ಬಂದಿಗೆ ನೇರವಾಗಿ ಹಣ ಕೊಡಬೇಕಾಯಿತು. ಭಾರತದ ನೆರವಿನ ಇಂದಿರಾ ಗಾಂಧಿ ಮಕ್ಕಳ ಆಸ್ಪತ್ರೆ ಇರುವುದೂ ಅದೇ ಕಾಬೂಲಿನಲ್ಲಿ. ಸರ್ಕಾರಕ್ಕೆ ಶಿಕ್ಷೆಯೆಂದು ನಿಲ್ಲಿಸಿದ ಹಣದ ಪೆಟ್ಟು ಮೊದಲು ಬೀಳುವುದು ಹೆರಿಗೆ ಕೋಣೆಗೆ. ಆದರೆ 2024ರ ಡಿಸೆಂಬರ್‌ನಲ್ಲಿ ಹೆಣ್ಣುಮಕ್ಕಳ ಸೂಲಗಿತ್ತಿ ಮತ್ತು ನರ್ಸಿಂಗ್ ಶಿಕ್ಷಣವನ್ನೇ ನಿಲ್ಲಿಸಿದ ಆಡಳಿತದ ಕೈಯಲ್ಲಿ ಎಷ್ಟು ಹಣ ಸುರಿದರೂ ಹತ್ತು ವರ್ಷದ ಮೇಲೆ ಹೆರಿಗೆ ಮಾಡಿಸಲು ಯಾರಿರುತ್ತಾರೆ? ಈ ಪ್ರಶ್ನೆಗೆ ನೇರವಾದ ಉತ್ತರ ಯಾರ ಬಳಿಯೂ ಇದ್ದಂತಿಲ್ಲ.

2018ರ ಭೂಕುಸಿತದ ನಮ್ಮ ಅನುಭವ ಇದನ್ನು ಅರಿಯಲು ಸಹಾಯಕವೇ?

ಸ್ವಲ್ಪ ಮಟ್ಟಿಗೆ. ಮಕ್ಕಂದೂರು, ಜೋಡುಪಾಲದ ಕಡೆ ಗುಡ್ಡ ಜಾರಿ ಮಂಗಳೂರು ರಸ್ತೆ ಕಡಿದಾಗ, ದೊಡ್ಡ ಆಸ್ಪತ್ರೆ ಬೇರೆ ಜಿಲ್ಲೆಯಲ್ಲಿದ್ದರೆ ಏನಾಗುತ್ತದೆಂದು ನಮಗೂ ಗೊತ್ತಾಯಿತು. ಪರಿಹಾರ ಕೇಂದ್ರದಲ್ಲಿ ಕೆಲಸ ಮಾಡಿದವರಿಗೆ, ದೂರದವರು ತೋಚಿದ್ದನ್ನು ಕಳುಹಿಸುವುದಕ್ಕೂ ಬೇಕಾದದ್ದನ್ನು ಕಳುಹಿಸುವುದಕ್ಕೂ ಇರುವ ಅಂತರವನ್ನು ವಿವರಿಸಬೇಕಿಲ್ಲ. ಆದರೆ ಹೋಲಿಕೆ ಅಲ್ಲಿಗೇ ನಿಲ್ಲಬೇಕು. ನಮ್ಮ ಬೆನ್ನ ಹಿಂದೆ ಒಂದು ರಾಜ್ಯ ಸರ್ಕಾರವಿತ್ತು, ಮೈಸೂರು ಹತ್ತಿರವಿತ್ತು, ಶುಶ್ರೂಷಕಿಯರ ಸಂಬಳ ತಿಂಗಳ ಕೊನೆಗೆ ಬರುತ್ತಿತ್ತು.

ನರ್ಸಿಂಗ್ ಮುಗಿಸಿದ್ದೇನೆ. ಅಂಥ ದೇಶಕ್ಕೆ ಹೋಗಿ ಕೆಲಸ ಮಾಡಬಹುದೇ?

ಈಗಲೇ ಬೇಡ, ಆದರೆ ಖಂಡಿತ ಮಾಡಬಹುದು. ‘ಗಡಿಗಳಿಲ್ಲದ ವೈದ್ಯರು’ (ಎಂಎಸ್‌ಎಫ್) ಎಂಬಂಥ ನೆರವಿನ ಸಂಸ್ಥೆಗಳು ಸಾಮಾನ್ಯವಾಗಿ ಕನಿಷ್ಠ ಎರಡು ವರ್ಷದ ಅನುಭವ ಕೇಳುತ್ತವೆ. ಹೆರಿಗೆ ವಾರ್ಡು, ತುರ್ತು ಚಿಕಿತ್ಸೆ, ಔಷಧಿ ಉಗ್ರಾಣದ ಲೆಕ್ಕ, ಕಿರಿಯರಿಗೆ ಕಲಿಸುವುದು, ಇವುಗಳಲ್ಲಿ ಪಳಗಿದವರಿಗೆ ಬೇಡಿಕೆ ಹೆಚ್ಚು. ಲೈಬೀರಿಯಾ, ಸಿಯೆರಾ ಲಿಯೋನ್‌ಗಳಲ್ಲಿ ಇಂಗ್ಲಿಷ್ ಸಾಕು. ಕಾಂಗೋಗೆ ಫ್ರೆಂಚ್, ಮೊಜಾಂಬಿಕ್‌ಗೆ ಪೋರ್ಚುಗೀಸ್ ಬೇಕು. ಎರಡು ವಾರದ ಸ್ವಯಂಸೇವೆಗೆ ಹೋಗುವವರಿಂದ ಅಲ್ಲಿನವರಿಗಾಗುವ ಲಾಭಕ್ಕಿಂತ ಅವರನ್ನು ನೋಡಿಕೊಳ್ಳುವ ಕೆಲಸವೇ ಹೆಚ್ಚು ಎಂದು ಹೇಳಿದರೆ ಬೇಸರಿಸಬಾರದು.

ಹಣ ಕೊಡುವುದಾದರೆ ಸಂಸ್ಥೆಯನ್ನು ಏನೆಂದು ಕೇಳಬೇಕು?

ಕೊಡುವ ಹಣದಲ್ಲಿ ಸ್ಥಳೀಯ ಸಿಬ್ಬಂದಿಯ ಸಂಬಳಕ್ಕೆ ಎಷ್ಟು ಹೋಗುತ್ತದೆ, ಆ ಸಂಬಳ ಸರ್ಕಾರಿ ದರಕ್ಕೆ ಹೊಂದುತ್ತದೆಯೇ ಅಥವಾ ಪಕ್ಕದ ಸರ್ಕಾರಿ ಆಸ್ಪತ್ರೆಯನ್ನು ಬರಿದು ಮಾಡುತ್ತದೆಯೇ, ಯೋಜನೆಯ ಅವಧಿ ಮುಗಿದ ಮರುತಿಂಗಳು ಅದೇ ದಾದಿಗೆ ಸಂಬಳ ಕೊಡುವವರು ಯಾರು ಎಂದು ಕೇಳಿ. ಮೂರನೆಯ ಪ್ರಶ್ನೆಗೆ ಬರಹದಲ್ಲಿ ಉತ್ತರ ಕೊಡುವ ಸಂಸ್ಥೆ ಸಿಕ್ಕರೆ ಅದಕ್ಕೆ ಒಂದೇ ಬಾರಿ ದೊಡ್ಡ ಮೊತ್ತ ಕೊಡುವ ಬದಲು ಐದು ವರ್ಷ, ಪ್ರತಿ ವರ್ಷವೂ ಕಾಫಿ ಮಾರಿದ ಮೇಲೆ, ಅದೇ ಮೊತ್ತವನ್ನು ಹಂಚಿ ಕೊಡಿ. ಯಾವುದಕ್ಕೆ ಬಳಸಬೇಕೆಂಬ ಷರತ್ತು ಹಾಕಬೇಡಿ.